ಗೇಲಿಕ್ ಗೋಲ್‌ಕೀಪರ್‌ಗೆ ಕಿಕ್ಕಿಂಗ್ ಟೀ: ತಗ್ಗಿನದನ್ನೇ ಕೊಳ್ಳಿ

ಐರ್ಲೆಂಡ್‌ನ ಆಟವಾದ ಗೇಲಿಕ್ ಫುಟ್‌ಬಾಲ್‌ನಲ್ಲಿ 2025ರಿಂದ ಕಿಕ್‌ಔಟ್, ಅಂದರೆ ಗೋಲ್‌ಕೀಪರ್ ಆಟ ಮತ್ತೆ ಶುರುಮಾಡುವ ಒದೆತ, ಗೋಲಿನಿಂದ 40 ಮೀಟರ್ ದೂರದಲ್ಲಿ ಎಳೆದ ಕಮಾನು ಗೆರೆ ದಾಟಲೇಬೇಕು. ಪಕ್ಕದ ಡಿಫೆಂಡರ್‌ಗೆ ಮೆಲ್ಲಗೆ ತಳ್ಳಿ ಪಾರಾಗುವಂತಿಲ್ಲ. ಹಾಗಾಗಿ ಗೋಲ್‌ಕೀಪಿಂಗ್ ಕೋಚ್‌ನ ಚೀಲದಲ್ಲಿ ರಬ್ಬರ್ ಟೀ, ಅಂದರೆ ಒದೆಯುವ ಮುನ್ನ ಚೆಂಡು ಕೂರಿಸುವ ಪುಟ್ಟ ಆಸರೆ, ಇರಲೇಬೇಕು.

ಎತ್ತರದ ಟೀ ಮೇಲಿಟ್ಟರೆ ಕಾಲು ಚೆಂಡಿನ ಬುಡಕ್ಕೆ ನುಗ್ಗುತ್ತದೆ. ಚೆಂಡು ಮೇಲೇರಿ ತೇಲುತ್ತದೆ, ಅಷ್ಟರಲ್ಲಿ ಎದುರಾಳಿ ಬಂದು ನಿಂತಿರುತ್ತಾನೆ. ತಗ್ಗಿನದರಲ್ಲಿ ಒದೆತ ಚಪ್ಪಟೆಯಾಗಿ, ಬಿರುಸಾಗಿ ಹೋಗುತ್ತದೆ. 480ರಿಂದ 500 ಗ್ರಾಂ ತೂಕದ ಚೆಂಡು ಗಾಳಿಗೂ ಅಲುಗದೆ ಕೂರುತ್ತದೆ.

ಕೊರತೆಯೆಂದರೆ ಒದ್ದೆ ಹುಲ್ಲಿನ ಮೇಲೆ ಟೀಯ ಅಡಿಭಾಗ ಜಾರುತ್ತದೆ. ಕೆಸರು ಒರೆಸಿ, ಹಿಮ್ಮಡಿಯಿಂದ ಒತ್ತಿ ಕೂರಿಸಬೇಕು. ಹಸಿರು ಬಣ್ಣದ್ದಂತೂ ಬೇಡವೇ ಬೇಡ, ಹುಲ್ಲಲ್ಲಿ ಕಣ್ಣಿಗೇ ಬೀಳದು.

16ನೇ ನಂಬರ್ ಜರ್ಸಿಯ ಬದಲಿ ಕೀಪರ್‌ಗೂ ಅಷ್ಟೇ ಎತ್ತರದ್ದು ಕೊಡಿಸಿ. ಅಭ್ಯಾಸಕ್ಕೊಂದು, ಪಂದ್ಯಕ್ಕೊಂದು ಟೀ ಆದರೆ ಒದೆತದ ಅಂದಾಜೇ ತಪ್ಪುತ್ತದೆ.