ತಿರುಗಿಸಿ ಗುಣಿಸುವುದೋ, ಛೇದ ಸಮ ಮಾಡುವುದೋ?

4½ ಮೀಟರ್ ಹಗ್ಗವನ್ನು 2/3 ಮೀಟರ್ ಉದ್ದದ ತುಂಡುಗಳಾಗಿ ಕತ್ತರಿಸಿದರೆ ಎಷ್ಟು ತುಂಡು ಸಿಗುತ್ತವೆ? ಎಷ್ಟು ಹಗ್ಗ ಉಳಿಯುತ್ತದೆ? ಮಗಳ ಜೊತೆ ಕೂತು ಭಿನ್ನರಾಶಿಯನ್ನು ಭಿನ್ನರಾಶಿಯಿಂದ ಭಾಗಿಸುವ ಇಂಥ ಲೆಕ್ಕಗಳನ್ನು ಬೇರೆ ಬೇರೆ ದಾರಿಯಲ್ಲಿ ಮಾಡಿ ನೋಡಿದೆ.

ಮೊದಲು ತಿರುಗಿಸಿ ಗುಣಿಸುವ ಕ್ರಮ. 4½ ಅಂದರೆ 9/2. 2/3ನ್ನು ತಿರುಗಿಸಿದರೆ 3/2. ಎರಡನ್ನೂ ಗುಣಿಸಿದರೆ 27/4, ಅಂದರೆ 6¾. "ಆರು ತುಂಡು, ಮುಕ್ಕಾಲು ಮೀಟರ್ ಉಳಿಯುತ್ತೆ ಅಪ್ಪಾ" ಅಂದಳು. ಮುಕ್ಕಾಲು ಮೀಟರ್ ಉಳಿದಿದ್ದರೆ ಅದರಲ್ಲೇ ಇನ್ನೊಂದು ತುಂಡು ಬರಬೇಕಿತ್ತಲ್ಲ! ಉಳಿದದ್ದು ಮುಕ್ಕಾಲು ತುಂಡು, ಮೀಟರಲ್ಲ. ಗುಣಾಕಾರದಲ್ಲಿ ಎಲ್ಲೂ ತಪ್ಪಿಲ್ಲ, ಉತ್ತರವನ್ನು ಓದಿದ್ದು ತಪ್ಪು. ಈ ಕ್ರಮದಲ್ಲಿ ಇಂಥ ತಪ್ಪು ನನಗೆ ಪದೇ ಪದೇ ಕಂಡಿತು.

ಅದೇ ಲೆಕ್ಕಕ್ಕೆ ಛೇದ ಸಮ ಮಾಡಿದೆವು: 27/6 ಮತ್ತು 4/6. ಈಗ ಛೇದವನ್ನು ಮರೆತು 27ರಲ್ಲಿ 4 ಎಷ್ಟು ಸಲ ಎಂದು ಕೇಳಿದರೆ ಸಾಕು. ಆರು ಸಲ, ಶೇಷ 3. ಆ ಮೂರು ಅಂದರೆ 3/6, ಅಂದರೆ ಅರ್ಧ ಮೀಟರ್ ಹಗ್ಗ. ಶೇಷ ತಾನಾಗಿಯೇ ಮೀಟರಿನಲ್ಲಿ ಬಂತು. "ಎಷ್ಟು ತುಂಡು, ಎಷ್ಟು ಸಲ" ಎಂದು ಕೇಳುವ ಲೆಕ್ಕಕ್ಕೆ ನನ್ನ ಮಟ್ಟಿಗೆ ಇದಕ್ಕಿಂತ ಒಳ್ಳೆಯ ದಾರಿಯಿಲ್ಲ.

ಆದರೆ ತೊಟ್ಟಿಯ ಲೆಕ್ಕದಲ್ಲಿ ಇದು ಕೈಕೊಟ್ಟಿತು. ಮುಕ್ಕಾಲು ತೊಟ್ಟಿ ತುಂಬಲು 2¼ ಗಂಟೆ ಬೇಕಾದರೆ, ಪೂರ್ತಿ ತುಂಬಲು ಎಷ್ಟು ಹೊತ್ತು? 9/4 ÷ 3/4 = 3 ಎಂದು ಉತ್ತರವೇನೋ ಬರುತ್ತದೆ. ಆದರೆ ಗಂಟೆಯಲ್ಲಿ ತೊಟ್ಟಿ ಎಷ್ಟು ಸಲ ಎಂಬ ಪ್ರಶ್ನೆಗೆ ಅರ್ಥವೇ ಇಲ್ಲ. ಆಗ ಉದ್ದನೆಯ ಪಟ್ಟಿ ಬರೆದು ನಾಲ್ಕು ಮನೆ ಮಾಡಿ, ಮೂರಕ್ಕೆ ಬಣ್ಣ ತುಂಬಿದೆವು. ಮೂರು ಮನೆಗೆ 9/4 ಗಂಟೆ, ಒಂದಕ್ಕೆ 3/4, ನಾಲ್ಕಕ್ಕೆ 3 ಗಂಟೆ. ಮೂರರಿಂದ ಭಾಗಿಸಿ ನಾಲ್ಕರಿಂದ ಗುಣಿಸಿದ್ದು 4/3ರಿಂದ ಗುಣಿಸಿದಂತೆಯೇ! ಭಾಜಕವನ್ನು ತಿರುಗಿಸಿ ಗುಣಿಸುವ ಸೂತ್ರವನ್ನು ಗಣಿತಜ್ಞ ಬ್ರಹ್ಮಗುಪ್ತ ಕ್ರಿ.ಶ. 628ರಲ್ಲೇ ಕೊಟ್ಟಿದ್ದ. ಅದು ಏಕೆ ಸರಿ ಎಂಬುದು ಮಗಳಿಗೆ ಹೊಳೆದದ್ದು ಆ ಪಟ್ಟಿಯಲ್ಲಿ.

ಪಟ್ಟಿಗೂ ಮಿತಿಯಿದೆ. 3 5/7 ÷ 1 1/9ಕ್ಕೆ ಚಿತ್ರ ಬರೆಯಲು ಹೊರಟರೆ ಹಾಳೆ ಸಾಲದು. ಛೇದ ಸಮ ಮಾಡಿದರೆ 234/63, 70/63 ಎಂಬ ದೊಡ್ಡ ಸಂಖ್ಯೆಗಳು. ತಿರುಗಿಸಿದರೆ 26/7 × 9/10. 26 ಮತ್ತು 10ನ್ನು ಎರಡರಿಂದ ಹೊಡೆದುಹಾಕಿದರೆ 117/35. ಇಲ್ಲಿ ಹಳೆಯ ಸೂತ್ರವೇ ಮೇಲು.

ಯಾವ ದಾರಿ ಹಿಡಿದರೂ ಮಿಶ್ರ ಭಿನ್ನರಾಶಿಯನ್ನು ಮೊದಲು ವಿಷಮ ಭಿನ್ನರಾಶಿ ಮಾಡಲೇಬೇಕು. 4½ ÷ 1½ರಲ್ಲಿ ಪೂರ್ಣಾಂಕ, ಭಿನ್ನಾಂಕಗಳನ್ನು ಬೇರೆ ಬೇರೆ ಭಾಗಿಸಿ ಕೂಡಿಸಿದ ಮಗಳಿಗೆ 5 ಬಂತು. 1½ನ್ನು ಐದು ಸಲ ಕೂಡಿಸು ಎಂದೆ. ಏಳೂವರೆ ಆದದ್ದು ನೋಡಿ, ತಾನೇ ಅಳಿಸಿ 3 ಬರೆದಳು.