ಮಾರ್ಟಿನ್ ಡಾಯ್ಲ್ ಹೆಸರಿನ ಡಬ್ಲಿನ್ ನಡಿಗೆ: ಗೈಡ್‌ಗೆ ಪೂರ್ತಿ ಅಂಕ, ಏರ್ಪಾಡಿಗೆ ಅರ್ಧ

ಡಬ್ಲಿನ್‌ನಲ್ಲಿ ಇತಿಹಾಸ ಹೇಳುವ ವಾಕಿಂಗ್ ಟೂರ್‌ಗಳು ಬೇಕಾದಷ್ಟಿವೆ. ಜಾಸ್ತಿ ಬ್ರಿಟಿಷ್ ಆಳ್ವಿಕೆ ವಿರುದ್ಧ ಎದ್ದ 1916ರ ದಂಗೆಯದ್ದೇ ಕಥೆ. ಇದರಲ್ಲಿ ಕಥೆ ಒಬ್ಬನೇ ಸೈನಿಕನದ್ದು. ಐಲೆಂಡ್‌ಬ್ರಿಡ್ಜ್‌ನ ಯುದ್ಧ ಸ್ಮಾರಕ ಉದ್ಯಾನದಿಂದ ಹೊರಟು, ಫೀನಿಕ್ಸ್ ಪಾರ್ಕ್ ದಾಟಿ, ಬ್ಲ್ಯಾಕ್‌ಹಾರ್ಸ್ ಅವೆನ್ಯೂದ ಗ್ರೇಂಜ್‌ಗಾರ್ಮನ್ ಸೈನಿಕ ಸ್ಮಶಾನದಲ್ಲಿ ಮಾರ್ಟಿನ್ ಡಾಯ್ಲ್ ಸಮಾಧಿವರೆಗೆ ನಡೆಯುತ್ತೇವೆ.

ಉದ್ಯಾನ ನೋಡಿದ ಕೂಡಲೇ ನನಗೆ ಪರಿಚಯದ ಜಾಗ ಅನ್ನಿಸಿತು. ದೆಹಲಿಯ ಇಂಡಿಯಾ ಗೇಟ್ ರೂಪಿಸಿದ ವಾಸ್ತುಶಿಲ್ಪಿ ಲುಟ್ಯೆನ್ಸ್ ಅವರದ್ದೇ ವಿನ್ಯಾಸ. ಮೊದಲ ಮಹಾಯುದ್ಧದಲ್ಲಿ ಸತ್ತ ಐರಿಷ್ ಸೈನಿಕರ ನೆನಪಿಗೆ ಇದನ್ನು ಕಟ್ಟಿದ್ದು. ಡಾಯ್ಲ್ ಬದುಕಿ ವಾಪಸ್ ಬಂದವನು. ಹಾಗಾಗಿ ಸತ್ತವರ ಹೆಸರು ಬರೆದಿಟ್ಟಿರುವ ಇಲ್ಲಿನ ಪುಸ್ತಕಗಳಲ್ಲಿ ಅವನ ಹೆಸರಿಲ್ಲ. ನಮ್ಮ ಗೈಡ್ ಮೇಡಂ ಮಾತು ಶುರು ಮಾಡಿದ್ದೇ ಅಲ್ಲಿಂದ.

ಡಾಯ್ಲ್ ಐರ್ಲೆಂಡಿನ ವೆಕ್ಸ್‌ಫರ್ಡ್ ಕಡೆಯ ಹುಡುಗ, ಹುಟ್ಟಿದ್ದು 1894ರಲ್ಲಿ. ವಯಸ್ಸು ಜಾಸ್ತಿ ಹೇಳಿ 1909ರಲ್ಲಿ ಬ್ರಿಟಿಷ್ ಸೈನ್ಯ ಸೇರಿದ. ಭಾರತದಲ್ಲೂ ಇದ್ದ. ಈ ಭಾರತದ ವರ್ಷಗಳನ್ನು ಮೇಡಂ ಒಂದೇ ವಾಕ್ಯದಲ್ಲಿ ಮುಗಿಸಿದ್ದು ನನಗೆ ಬೇಜಾರಾಯಿತು.

ಆದರೆ 1918ರ ಸೆಪ್ಟೆಂಬರ್ 2ರ ಕಥೆ ಹೇಳಿದ ರೀತಿ ಇದೆಯಲ್ಲ, ಅದಕ್ಕೇ ಕೊಟ್ಟ ದುಡ್ಡು ಸಾರ್ಥಕ. ಹುಲ್ಲಿನ ಮೇಲೆ ಮೊಣಕಾಲೂರಿ ಕೂತು ಕಡ್ಡಿ, ಕಲ್ಲು ಜೋಡಿಸಿದರು. ದೊಡ್ಡ ಕಲ್ಲು ಕೆಟ್ಟು ನಿಂತ ಟ್ಯಾಂಕ್. ಅಡ್ಡ ಇಟ್ಟ ಕಡ್ಡಿ ಜರ್ಮನ್ನರ ಮೆಷಿನ್ ಗನ್. ಜಾಗ ಫ್ರಾನ್ಸಿನ ರಿಯೆಂಕೂರ್ ಹತ್ತಿರ. ಅಧಿಕಾರಿಗಳೆಲ್ಲ ಸತ್ತೋ ಗಾಯಗೊಂಡೋ ಬಿದ್ದಿದ್ದರು. ಸೈನಿಕ ತುಕಡಿಯ ಹೊಣೆ ಸಾರ್ಜೆಂಟ್ ಮೇಜರ್ ಡಾಯ್ಲ್ ತಲೆಗೆ ಬಂತು. ಶತ್ರುಗಳು ಸುತ್ತುವರಿದಿದ್ದ ತನ್ನವರನ್ನು ಬಿಡಿಸಿದ. ಗಾಯಗೊಂಡ ಅಧಿಕಾರಿಯನ್ನು ಗುಂಡಿನ ಮಳೆಯಲ್ಲೇ ಹೊತ್ತು ತಂದ. ಟ್ಯಾಂಕ್ ಒಳಗಿನ ಗಾಯಾಳುಗಳನ್ನು ಹೊರಗೆ ತರೋಣ ಅಂದರೆ ಆ ಮೆಷಿನ್ ಗನ್ ಬಿಡುತ್ತಿಲ್ಲ. ಒಬ್ಬನೇ ನುಗ್ಗಿ ಅದನ್ನು ಹಿಡಿದ, ಮೂವರನ್ನು ಸೆರೆ ತಂದ. ಇದಕ್ಕೇ ಬ್ರಿಟನ್ನಿನ ಅತಿ ದೊಡ್ಡ ಶೌರ್ಯ ಪದಕ ವಿಕ್ಟೋರಿಯಾ ಕ್ರಾಸ್ ಸಿಕ್ಕಿದ್ದು. ಮೇಡಂ ಆ ಕಡ್ಡಿಯನ್ನು ಎತ್ತಿ ಪಕ್ಕಕ್ಕಿಟ್ಟಾಗ ನಮ್ಮಲ್ಲಿ ಯಾರೂ ಮಾತಾಡಲಿಲ್ಲ.

ಬೇರೆ ಕಡೆ ಕಥೆ ಪದಕಕ್ಕೇ ನಿಂತುಬಿಡುತ್ತದೆ. ಇಲ್ಲಿ ಅರ್ಧ ದಾರಿ ಇನ್ನೂ ಬಾಕಿ ಇತ್ತು. ಊರಿಗೆ ಬಂದ ಡಾಯ್ಲ್ 1920ರಲ್ಲಿ, ಸ್ವಾತಂತ್ರ್ಯಕ್ಕಾಗಿ ಬ್ರಿಟಿಷರ ವಿರುದ್ಧ ಹೋರಾಡುತ್ತಿದ್ದ ಐಆರ್‌ಎ (ಐರಿಷ್ ರಿಪಬ್ಲಿಕನ್ ಆರ್ಮಿ) ಸೇರಿದ. ಕ್ಲೇರ್ ಕೌಂಟಿಯಲ್ಲಿ ಬ್ರಿಟಿಷರ ಸುದ್ದಿಯನ್ನೇ ಗುಟ್ಟಾಗಿ ಅವರಿಗೆ ಮುಟ್ಟಿಸಿದ. ಆಮೇಲೆ ಬ್ರಿಟನ್ ಜೊತೆಗಿನ ಒಪ್ಪಂದದ ವಿಚಾರಕ್ಕೆ ಐರಿಷರ ನಡುವೆಯೇ ನಡೆದ ಅಂತರ್ಯುದ್ಧದಲ್ಲಿ ಹೊಸ ಐರಿಷ್ ಸರ್ಕಾರದ ಸೈನ್ಯದಲ್ಲಿ ಹೋರಾಡಿದ. ಹಾಗಾದರೆ ಅವನು ಯಾರ ಕಡೆಯವನು ಅಂತ ನಮ್ಮ ಗುಂಪಿನ ಒಬ್ಬರು ಕೇಳಿದರು. ಮೇಡಂ ಅವನ ಪರ ವಾದಿಸಲಿಲ್ಲ, ತೀರ್ಪೂ ಕೊಡಲಿಲ್ಲ. ಪ್ರತಿ ಸಲ ಅವನ ಸುತ್ತ ಏನೇನು ನಡೆಯುತ್ತಿತ್ತು ಅಂತಷ್ಟೇ ಬಿಡಿಸಿ ಹೇಳಿದರು. ನನಗೆ ಬಹಳ ಹಿಡಿಸಿದ್ದು ಇದು. ಅಷ್ಟು ದೊಡ್ಡ ಬದುಕನ್ನು ಒಂದು ಬಾವುಟದ ಕೆಳಗೆ ತುರುಕಿದರೆ ಅನ್ಯಾಯ ಅಲ್ವಾ?

ಕೊನೆಗಾಲದ ಗಿನ್ನೆಸ್ ಕಾರ್ಖಾನೆಯ ಕೆಲಸ, 1940ರಲ್ಲಿ ಪೋಲಿಯೋದಿಂದ ಬಂದ ಸಾವು, ಇವೆಲ್ಲ ಓಡೋಡಿ ಮುಗಿದವು. ಹೊತ್ತಾಗಿತ್ತು, ಕಾರಣ ಗುಂಪು ತುಂಬಾ ದೊಡ್ಡದು. ಸಮಾಧಿ ಸಾಲುಗಳ ನಡುವೆ ಹಿಂದೆ ನಿಂತವರಿಗೆ ಮಾತೇ ಕೇಳಿಸುವುದಿಲ್ಲ. ಕೊಟ್ಟ ಇಯರ್‌ಫೋನ್‌ನಲ್ಲಿ ಬರೀ ಗಾಳಿಯ ಸದ್ದು. ಸಾಕಷ್ಟು ಯೂರೋ ತೆಗೆದುಕೊಳ್ಳುವವರು ಇದನ್ನು ಸರಿ ಮಾಡಲೇಬೇಕು.

ಹೋಗುವವರಿಗೆ: ಒಳ್ಳೆ ಶೂ ಹಾಕಿಕೊಳ್ಳಿ, ಮಳೆ ಕೋಟು ಇರಲಿ. ಸ್ಮಶಾನಕ್ಕೆ ಪ್ರವೇಶ ಉಚಿತ, ಹಾಗಾಗಿ ಟೂರ್ ಮುಗಿದ ಮೇಲೆ ಅಲ್ಲೇ ಉಳಿದು ನಿಧಾನವಾಗಿ ನೋಡಬಹುದು. 1918ರಲ್ಲಿ ಮುಳುಗಿದ ಲೀನ್‌ಸ್ಟರ್ ಹಡಗಿನಲ್ಲಿ ಸತ್ತ ಸೈನಿಕರೂ ಇಲ್ಲೇ ಇದ್ದಾರೆ. ಟೂರ್‌ನಲ್ಲಿ ಅವರ ಕಡೆ ಹೋಗುವುದಿಲ್ಲ, ನೀವೇ ಹೋಗಿ. ಬುಕ್ ಮಾಡುವಾಗ ಗುಂಪಿನಲ್ಲಿ ಎಷ್ಟು ಜನ ಅಂತ ಮೊದಲೇ ಕೇಳಿ.