ಏಳು ಚಳಿಗಾಲಗಳ ನಂತರ ನನ್ನ ಸ್ನೋಬ್ಲೋವರ್ ಕುರಿತು

ಮನೆಯ ಮುಂದಿನ ದಾರಿಯ ಹಿಮ ತೆಗೆಯಲು ನಾನು ಕೊಂಡ ಪೆಟ್ರೋಲ್ ಸ್ನೋಬ್ಲೋವರ್ ಈಗ ಏಳು ಚಳಿಗಾಲಗಳನ್ನು ಮುಗಿಸಿದೆ. ಇದು ಎರಡು ಹಂತದ ಯಂತ್ರ: ಮುಂಭಾಗದಲ್ಲಿ ಸುರುಳಿಯಾಕಾರದ ಆಗರ್ ಹಿಮವನ್ನು ಕೊರೆದು ನಡುವಿಗೆ ಎಳೆದು ತರುತ್ತದೆ, ಅದರ ಹಿಂದೆ ವೇಗವಾಗಿ ತಿರುಗುವ ಇಂಪೆಲ್ಲರ್ ಆ ಹಿಮವನ್ನು ಕೊಳವೆಯ ಮೂಲಕ ದೂರಕ್ಕೆ ಎಸೆಯುತ್ತದೆ. ಕೊಂಡ ಹೊಸತರಲ್ಲಿ ಬರೆಯುವ ವಿಮರ್ಶೆಗಳಲ್ಲಿ ಹಿಮ ಎಷ್ಟು ದೂರ ಹೋಗಿ ಬೀಳುತ್ತದೆ ಎಂಬುದೇ ದೊಡ್ಡ ಮಾತಾಗಿರುತ್ತದೆ. ಇಷ್ಟು ವರ್ಷ ಬಳಸಿದ ಮೇಲೆ ನನಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಬೇರೆ: ಹಿಮವಿಲ್ಲದ ತಿಂಗಳುಗಳಲ್ಲಿ ಯಂತ್ರವನ್ನು ಹೇಗೆ ಇಟ್ಟಿದ್ದೆವು ಎಂಬುದು.

ಇದನ್ನು ನಾನು ಕಲಿತದ್ದು ಮೂರನೆಯ ಚಳಿಗಾಲದಲ್ಲಿ. ಮೊದಲ ಹಿಮ ಬಿದ್ದ ಬೆಳಿಗ್ಗೆ ಎಂಜಿನ್ ಚೋಕ್ ಎಳೆದಿದ್ದಾಗ ಮಾತ್ರ ಓಡುತ್ತಿತ್ತು. ಚೋಕ್ ಬಿಟ್ಟೊಡನೆ ಅದರ ವೇಗ ತಾನಾಗಿಯೇ ಏರುತ್ತ ಇಳಿಯುತ್ತ, ಕೊನೆಗೆ ನಿಂತುಹೋಗುತ್ತಿತ್ತು. ನಾನು ಸ್ಪಾರ್ಕ್ ಪ್ಲಗ್ ಬದಲಿಸಿದೆ, ಏನೂ ಪ್ರಯೋಜನವಾಗಲಿಲ್ಲ. ಆ ಲಕ್ಷಣವನ್ನು ಸರಿಯಾಗಿ ಗಮನಿಸಿದ್ದರೆ ಪ್ಲಗ್ ಮುಟ್ಟುವ ಅಗತ್ಯವೇ ಇರಲಿಲ್ಲ. ಚೋಕ್ ಗಾಳಿಯನ್ನು ಕಡಿಮೆ ಮಾಡುತ್ತದೆ. ಗಾಳಿ ಕಡಿಮೆಯಾದಾಗ ಮಾತ್ರ ಎಂಜಿನ್ ಓಡುತ್ತದೆ ಎಂದರೆ ಅದಕ್ಕೆ ಪೆಟ್ರೋಲ್ ಸಾಲುತ್ತಿಲ್ಲ ಎಂದೇ ಅರ್ಥ. ಪೆಟ್ರೋಲನ್ನು ಗಾಳಿಯೊಂದಿಗೆ ಬೆರೆಸಿ ಎಂಜಿನ್ನಿಗೆ ಕೊಡುವ ಕಾರ್ಬ್ಯುರೇಟರಿನ ತಳದ ಬಟ್ಟಲನ್ನು ಬಿಚ್ಚಿ ನೋಡಿದಾಗ, ಬೇಸಿಗೆಯಿಡೀ ಅಲ್ಲೇ ನಿಂತ ಪೆಟ್ರೋಲ್ ಆರಿ ಅಂಟಿನ ಪದರವಾಗಿತ್ತು, ಪೆಟ್ರೋಲ್ ಹಾಯುವ ಸೂಜಿಮೊನೆಯಷ್ಟು ಸಣ್ಣ ರಂಧ್ರ, ಅಂದರೆ ಜೆಟ್, ಅರ್ಧ ಮುಚ್ಚಿಹೋಗಿತ್ತು. ಎಥೆನಾಲ್ ಬೆರೆತ ಪೆಟ್ರೋಲ್ ಗಾಳಿಯ ತೇವವನ್ನೂ ಹೀರಿಕೊಳ್ಳುವುದರಿಂದ ಒಳಗೆ ತುಕ್ಕೂ ಹಿಡಿಯುತ್ತದೆ. ಕಾರ್ಬ್ಯುರೇಟರ್ ಕ್ಲೀನರ್ ಸಿಂಪಡಿಸಿ, ತಾಮ್ರದ ಒಂದೇ ಎಳೆಯಿಂದ ಜೆಟ್ಟನ್ನು ಶುಚಿಗೊಳಿಸಿದೆ. ಉಕ್ಕಿನ ತಂತಿ ಬಳಸಿದರೆ ರಂಧ್ರವೇ ದೊಡ್ಡದಾಗಿ ಬೇರೊಂದು ತೊಂದರೆ ಶುರುವಾಗುತ್ತದೆ.

ಅಂದಿನಿಂದ ಪ್ರತಿ ಚಳಿಗಾಲದ ಕೊನೆಯಲ್ಲಿ ಟ್ಯಾಂಕಿಗೆ ಪೆಟ್ರೋಲ್ ಬೇಗ ಕೆಡದಂತೆ ತಡೆಯುವ ಸ್ಟೆಬಿಲೈಸರ್ ಹಾಕಿ, ಅದು ಕಾರ್ಬ್ಯುರೇಟರಿನ ಒಳಗೂ ತಲುಪುವಂತೆ ಎಂಜಿನ್ನನ್ನು ಹತ್ತು ನಿಮಿಷ ಬಯಲಿನಲ್ಲಿ ಓಡಿಸಿ, ಬಳಿಕ ಪೆಟ್ರೋಲ್ ಕವಾಟ ಮುಚ್ಚಿ ಅದು ತಾನಾಗಿ ನಿಲ್ಲುವವರೆಗೆ ಬಿಡುತ್ತೇನೆ. ಆ ತೊಂದರೆ ಮತ್ತೆ ಬಂದಿಲ್ಲ.

ಎರಡನೆಯ ಪಾಠ ಇದಕ್ಕಿಂತ ದುಬಾರಿಯಾಗಬಹುದಿತ್ತು. ಆಗರ್ ತನ್ನ ಶಾಫ್ಟಿನೊಂದಿಗೆ ಸೇರಿ ತಿರುಗುವುದು ಶಿಯರ್ ಪಿನ್‌ಗಳ ಬಲದಿಂದ ಮಾತ್ರ. ಹಿಮದಡಿಯ ಕಲ್ಲಿಗೋ ಮಂಜುಗಡ್ಡೆಗೋ ಅಲಗು ತಗುಲಿದಾಗ ಈ ಮೆತ್ತನೆಯ ಪಿನ್ ತಾನು ಮುರಿದು ಗೇರ್‌ಬಾಕ್ಸನ್ನು ಉಳಿಸುತ್ತದೆ. ಅದಕ್ಕಾಗಿಯೇ ಅದನ್ನು ಇಟ್ಟಿರುತ್ತಾರೆ. ಪಿನ್ ಮುರಿದಾಗ ಕೈಗೆ ಸಿಕ್ಕ ಗಟ್ಟಿ ಬೋಲ್ಟ್ ಹಾಕುವವರನ್ನು ಕಂಡಿದ್ದೇನೆ, ದಯವಿಟ್ಟು ಹಾಗೆ ಮಾಡಬೇಡಿ. ಆದರೆ ನಾನು ಗಮನಿಸದೇ ಇದ್ದ ಅಪಾಯ ಇನ್ನೊಂದು. ಗ್ರೀಸ್ ಇಲ್ಲದೆ ಶಾಫ್ಟ್ ಮತ್ತು ಆಗರ್ ತುಕ್ಕಿನಿಂದ ಒಂದಕ್ಕೊಂದು ಬೆಸೆದುಕೊಂಡರೆ, ಸರಿಯಾದ ಪಿನ್ ಹಾಕಿದ್ದರೂ ಅದು ಕೆಲಸಕ್ಕೆ ಬಾರದು, ಪೆಟ್ಟು ನೇರವಾಗಿ ಗೇರ್‌ಬಾಕ್ಸಿಗೆ ಬೀಳುತ್ತದೆ. ಐದನೆಯ ವರ್ಷ ಪಿನ್‌ಗಳನ್ನು ತೆಗೆದು ಆಗರನ್ನು ಕೈಯಿಂದ ತಿರುಗಿಸಲು ನೋಡಿದಾಗ ಎಡಭಾಗ ಅಲುಗಲಿಲ್ಲ. ತುಕ್ಕು ಬಿಡಿಸುವ ಎಣ್ಣೆ ಬಿಟ್ಟು, ಎರಡು ದಿನ ಕಾದು, ಸ್ವಲ್ಪ ಸ್ವಲ್ಪವೇ ಅಲುಗಾಡಿಸಿ ಅದನ್ನು ಬಿಡಿಸಿದೆ. ಈಗ ವರ್ಷಕ್ಕೊಮ್ಮೆ ಪಿನ್ ತೆಗೆದು, ಗ್ರೀಸ್ ತುಂಬಿ, ಆಗರ್ ಸಲೀಸಾಗಿ ತಿರುಗುವುದನ್ನು ಕಣ್ಣಾರೆ ನೋಡಿದ ನಂತರವೇ ಪಿನ್ ಮರಳಿ ಹಾಕುತ್ತೇನೆ. ಈ ಪರೀಕ್ಷೆಗೆ ಅರ್ಧ ಗಂಟೆ ಸಾಕು.

ಎಂಜಿನ್ನಿನ ಬಲವನ್ನು ಆಗರಿಗೆ ತಲುಪಿಸುವ ಬೆಲ್ಟನ್ನು ಒಮ್ಮೆ ಬದಲಿಸಿದ್ದೇನೆ. ಎಂಜಿನ್ ಜೋರಾಗಿ ಓಡುತ್ತಿದ್ದರೂ ಹಿಮ ಹತ್ತಿರದಲ್ಲೇ ಬೀಳತೊಡಗಿದರೆ ಮೊದಲು ಆಗರ್ ಬೆಲ್ಟಿನ ಬಿಗಿತವನ್ನು ನೋಡಬೇಕು. ಚಕ್ರಗಳಿಗೆ ಬಲ ಕೊಡುವ ರಬ್ಬರ್ ಬಳೆಯ ಮೇಲೆ ಒಂದು ಹನಿ ಎಣ್ಣೆ ಬಿದ್ದರೂ ಅದು ಜಾರುತ್ತದೆ, ಆದ್ದರಿಂದ ಆ ಭಾಗದಲ್ಲಿ ಗ್ರೀಸ್ ಹಚ್ಚುವಾಗ ಕೈ ಹಿಡಿತದಲ್ಲಿರಲಿ. ಎಂಜಿನ್ ಎಣ್ಣೆಗೆ ನಾನು 5ಡಬ್ಲ್ಯೂ-30 ಬಳಸುತ್ತೇನೆ, ಚಳಿಯಲ್ಲಿ ಅದು ಗಟ್ಟಿಯಾಗುವುದಿಲ್ಲ.

ಒದ್ದೆ ಹಿಮದಲ್ಲಿ ಕೊಳವೆ ಕಟ್ಟಿಕೊಳ್ಳುವುದು ಈ ಯಂತ್ರದ ನಿಜವಾದ ದೌರ್ಬಲ್ಯ. ಬೆಚ್ಚಗಿನ ಗ್ಯಾರೇಜಿನಿಂದ ಹೊರತಂದ ಕೂಡಲೇ ಕೆಲಸಕ್ಕಿಳಿಸಿದರೆ ಬಿಸಿ ಲೋಹಕ್ಕೆ ಹಿಮ ಕರಗಿ ಅಂಟುತ್ತದೆ. ಸ್ವಲ್ಪ ಹೊತ್ತು ಹೊರಗೆ ತಣ್ಣಗಾಗಲು ಬಿಟ್ಟು, ಕೊಳವೆಯ ಒಳಗೆ ಸಿಲಿಕೋನ್ ಸ್ಪ್ರೇ ಹೊಡೆದರೆ ತೊಂದರೆ ಬಹಳಷ್ಟು ಕಡಿಮೆಯಾಗುತ್ತದೆ. ಆದರೂ ಕಟ್ಟಿಕೊಂಡರೆ ಮೊದಲು ಎಂಜಿನ್ ಆರಿಸಿ, ಎಲ್ಲವೂ ನಿಂತದ್ದನ್ನು ನೋಡಿ, ಯಂತ್ರದ ಜೊತೆ ಕೊಟ್ಟ ಕೋಲಿನಿಂದಲೇ ಬಿಡಿಸಬೇಕು. ಎಂಜಿನ್ ನಿಂತಿದ್ದರೂ ಬಿಗಿದುಕೊಂಡಿರುವ ಬೆಲ್ಟಿನ ಬಲದಿಂದ ಇಂಪೆಲ್ಲರ್ ಹಠಾತ್ತನೆ ಸುತ್ತಬಹುದು. ಬೆರಳು ಕಳೆದುಕೊಳ್ಳಲು ಅಷ್ಟೇ ಸಾಕು.

ಕೊಳವೆ ತಿರುಗಿಸುವ ಕೇಬಲ್ ಕಡು ಚಳಿಯಲ್ಲಿ ಹೆಪ್ಪುಗಟ್ಟುವುದು ನನಗೆ ಇಂದಿಗೂ ಅಸಮಾಧಾನದ ವಿಷಯ, ಅದಕ್ಕೆ ಒಂದು ಅಂಕ ಕಳೆಯುತ್ತೇನೆ. ಎಂಜಿನ್ ಮತ್ತು ಗೇರ್‌ಬಾಕ್ಸಿಗೆ ಪೂರ್ಣ ಅಂಕ. ಕೊಳ್ಳುವ ದಿನವೇ ನಾಲ್ಕು ಶಿಯರ್ ಪಿನ್ ಮತ್ತು ಒಂದು ಆಗರ್ ಬೆಲ್ಟ್ ತಂದಿಟ್ಟುಕೊಳ್ಳಿ. ಪಿನ್ ಮುರಿಯುವುದು ಅಂಗಡಿಗೆ ಹೋಗುವ ದಾರಿಯೂ ಹಿಮದಡಿ ಇರುವ ದಿನವೇ.